ಎದೆಯ ನಡುಮನೆ

ಹೋದ ಮಳೆಗಾಲದಲ್ಲಿ ಆಲೂರು ಕಡೆಯ ಅಜ್ಜಿಯೊಬ್ಬರು ಎದೆಯ ಎಕ್ಸ್-ರೇ ತೆಗೆಸಲು ಬಂದಿದ್ದರು. ಜೊತೆಗೆ ಮೊಮ್ಮಗ. ಫಿಲ್ಮ್ ಕೈಗೆ ಕೊಟ್ಟ ಕೂಡಲೇ ಅಜ್ಜಿ ಅದನ್ನು ಕವರಿನಿಂದ ಹೊರಗೆಳೆದು ಕಿಟಕಿಯ ಬೆಳಕಿಗೆ ಹಿಡಿದರು. ಸ್ವಲ್ಪ ಹೊತ್ತು ನೋಡಿ, ನಡುವಿನ ಬಿಳಿ ಭಾಗದ ಮೇಲೆ ಬೆರಳಿಟ್ಟರು. "ಇದೇನಪ್ಪ, ಇಷ್ಟೊಂದು ಬೆಳ್ಳಗೈತೆ? ಎಲ್ಲಾ ಕಫನಾ?"

"ಇಲ್ಲ ಅಜ್ಜಿ, ಅದು ನಿಮ್ಮ ಹೃದಯ, ಅದರ ಅಕ್ಕಪಕ್ಕ ಇರೋದು" ಅಂದೆ.

ಹಾಸನದಲ್ಲಿ ಎಕ್ಸ್-ರೇ ತೆಗೆಯುವ ಕೆಲಸಕ್ಕೆ ಸೇರಿ ಹತ್ತೊಂಬತ್ತು ವರ್ಷವಾಯಿತು. ಈ ಪ್ರಶ್ನೆ ಬರದ ವಾರವೇ ಇಲ್ಲ. ಎರಡೂ ಕಡೆ ಕಪ್ಪಗೆ ಕಾಣುವುದು ಶ್ವಾಸಕೋಶ ಎಂದು ಬಹಳ ಜನಕ್ಕೆ ಗೊತ್ತಿರುತ್ತದೆ. ನಡುವಿನ ಬಿಳಿ ಏನು ಅನ್ನುವುದು ಗೊತ್ತಿರುವುದಿಲ್ಲ. ರಿಪೋರ್ಟ್‌ನಲ್ಲಿ 'ಮೀಡಿಯಾಸ್ಟೈನಮ್' ಎಂಬ ಪದ ಇದ್ದರಂತೂ ಮುಗಿಯಿತು. ಅದೊಂದು ಕಾಯಿಲೆಯ ಹೆಸರು ಅಂದುಕೊಂಡು ಮೊಬೈಲ್‌ನಲ್ಲಿ ಹುಡುಕಿ, ರಾತ್ರಿಯೆಲ್ಲ ನಿದ್ದೆಗೆಟ್ಟು, ಬೆಳಿಗ್ಗೆ ಕೌಂಟರ್ ತೆರೆಯುವ ಮೊದಲೇ ಬಂದು ನಿಂತವರನ್ನು ನೋಡಿದ್ದೇನೆ. ರಿಪೋರ್ಟ್ ಬರೆಯುವುದು, ಕಾಯಿಲೆ ಹೇಳುವುದು ಡಾಕ್ಟರ ಕೆಲಸ. ಆದರೆ ಆ ಜಾಗ ಎಂಥದ್ದು, ಅಲ್ಲಿ ಯಾರು ಯಾರ ಪಕ್ಕ ಇದ್ದಾರೆ ಎನ್ನುವುದನ್ನು ಎಲ್ಲರೂ ತಿಳಿದುಕೊಳ್ಳಬಹುದು.

ಮೀಡಿಯಾಸ್ಟೈನಮ್ ಕಾಯಿಲೆಯಲ್ಲ. ಅದು ಒಂದು ಅಂಗವೂ ಅಲ್ಲ. ಅದೊಂದು ಜಾಗ. ನಮ್ಮ ಕಡೆಯ ಹಳೇ ಮನೆಗಳಲ್ಲಿ ನಡುಮನೆ ಇರುತ್ತದಲ್ಲ, ಹಾಗೆ. ಎರಡು ಪಕ್ಕದಲ್ಲಿ ಕೋಣೆಗಳು. ಹೊರಬಾಗಿಲಿನಿಂದ ಅಡುಗೆಮನೆಗೆ ಹೋಗುವವರು, ಹಿತ್ತಿಲಿನಿಂದ ಜಗಲಿಗೆ ಬರುವವರು, ಎಲ್ಲರೂ ನಡುಮನೆ ದಾಟಲೇಬೇಕು. ಎದೆಯಲ್ಲಿ ಎರಡು ಪಕ್ಕದ ಕೋಣೆಗಳು ಎಂದರೆ ಎರಡು ಶ್ವಾಸಕೋಶಗಳು. ಅವುಗಳ ನಡುವೆ ಉಳಿದಿದ್ದೆಲ್ಲ ನಡುಮನೆ. ಮುಂದಿನ ಗೋಡೆ ಎದೆಮೂಳೆ. ಹಿಂದಿನ ಗೋಡೆ ಬೆನ್ನುಮೂಳೆ. ಕೆಳಗೆ ವಪೆ, ಅಂದರೆ ಎದೆಯನ್ನೂ ಹೊಟ್ಟೆಯನ್ನೂ ಬೇರೆ ಮಾಡುವ ಮಾಂಸದ ಪರದೆ. ಮೇಲೆ ಮಾತ್ರ ಸೂರಿಲ್ಲ, ಅದು ನೇರ ಕತ್ತಿಗೆ ತೆರೆದುಕೊಳ್ಳುತ್ತದೆ. ಅಜ್ಜಿಯ ಕಥೆಗೆ ಈ ತೆರೆದ ಬಾಗಿಲು ಮುಖ್ಯ.

ಫಿಲ್ಮ್‌ನಲ್ಲಿ ಅದು ಬೆಳ್ಳಗೆ ಕಾಣುವುದಕ್ಕೆ ಕಾರಣ ಸರಳ. ಗಾಳಿ ಇದ್ದ ಕಡೆ ಕಿರಣಗಳು ಸಲೀಸಾಗಿ ದಾಟಿ ಹೋಗುತ್ತವೆ, ಅಲ್ಲಿ ಕಪ್ಪು. ರಕ್ತ, ಮಾಂಸ, ಮೂಳೆ ಇದ್ದ ಕಡೆ ತಡೆ, ಅಲ್ಲಿ ಬಿಳಿ. ಶ್ವಾಸಕೋಶದ ತುಂಬ ಗಾಳಿ. ನಡುಮನೆಯಲ್ಲಿ ರಕ್ತ ತುಂಬಿದ ಹೃದಯ, ದೊಡ್ಡ ರಕ್ತನಾಳಗಳು, ಹಿಂದೆ ಬೆನ್ನುಮೂಳೆ. ಎಲ್ಲದರ ನೆರಳೂ ಒಂದರ ಮೇಲೊಂದು ಬಿದ್ದು ಒಂದೇ ಬಿಳಿಯಾಗುತ್ತದೆ. ಆ ಬಿಳಿಯ ಮೇಲ್ಭಾಗದಲ್ಲಿ, ಸರಿಯಾಗಿ ನೋಡಿದರೆ, ಕತ್ತಿನಿಂದ ಇಳಿಯುವ ಒಂದು ಕಪ್ಪು ಪಟ್ಟಿ ಕಾಣುತ್ತದೆ. ಅದು ಶ್ವಾಸನಾಳ. ಅದರೊಳಗೆ ಗಾಳಿ ಇದೆ, ಹಾಗಾಗಿ ಕಪ್ಪು.

ನಾವು ಎಕ್ಸ್-ರೇ ತೆಗೆಯುವಾಗ ಎದೆಯನ್ನು ಪ್ಲೇಟಿಗೆ ಒತ್ತಿ ನಿಲ್ಲಿಸಿ, ಬೆನ್ನಿನ ಕಡೆಯಿಂದ, ಸುಮಾರು ಆರು ಅಡಿ ದೂರದಿಂದ ಕಿರಣ ಬಿಡುತ್ತೇವೆ. ಯಾಕೆ ಗೊತ್ತಾ? ಹೃದಯ ಎದೆಯ ಮುಂಭಾಗದಲ್ಲಿದೆ. ಅದು ಪ್ಲೇಟಿಗೆ ಹತ್ತಿರ ಇದ್ದಷ್ಟೂ ನೆರಳು ನಿಜವಾದ ಅಳತೆಗೆ ಹತ್ತಿರ ಬರುತ್ತದೆ. ದೀಪದ ಮುಂದೆ ಕೈ ಹಿಡಿದಾಗ ಕೈ ಗೋಡೆಯಿಂದ ದೂರ ಹೋದಂತೆ ನೆರಳು ದೊಡ್ಡದಾಗುತ್ತದಲ್ಲ, ಅದೇ ಲೆಕ್ಕ. "ಉಸಿರು ಜೋರಾಗಿ ಎಳ್ಕೊಳ್ಳಿ, ಹಿಡ್ಕೊಳ್ಳಿ" ಅನ್ನುವುದೂ ಸುಮ್ನೆ ಅಲ್ಲ. ಉಸಿರು ಬಿಟ್ಟಾಗ ವಪೆ ಮೇಲೇರುತ್ತದೆ, ಹೃದಯ ಅಡ್ಡಡ್ಡ ಮಲಗಿದಂತಾಗಿ ನಡುಮನೆ ಅಗಲವಾಗಿ ಕಾಣುತ್ತದೆ. ಇಲ್ಲದ ಕಾಯಿಲೆ ಇದ್ದಂತೆ ಕಾಣಬಹುದು. ಸರಿಯಾಗಿ ತೆಗೆದ ಫಿಲ್ಮ್‌ನಲ್ಲಿ ದೊಡ್ಡವರ ಹೃದಯದ ಅಗಲ ಎದೆಯ ಒಳ ಅಗಲದ ಅರ್ಧಕ್ಕಿಂತ ಜಾಸ್ತಿ ಇರಬಾರದು.

ಈಗ ನಿಮ್ಮ ಕೈಯನ್ನೇ ಬಳಸಿ ಒಂದು ಗುರುತು ಹಿಡಿಯೋಣ. ಕತ್ತಿನ ಬುಡದಲ್ಲಿ, ಎರಡು ಕೊರಳೆಲುಬುಗಳ ನಡುವೆ ಒಂದು ಗುಳಿ ಇದೆ. ಅಲ್ಲಿ ಬೆರಳಿಡಿ. ಎದೆಮೂಳೆಯ ಮೇಲೆ ನೇರ ಕೆಳಗೆ ಜಾರಿಸಿ. ಸುಮಾರು 5 ಸೆಂಟಿಮೀಟರ್ ಇಳಿದ ಮೇಲೆ ಅಡ್ಡಕ್ಕೆ ಒಂದು ಸಣ್ಣ ಏಣು ಬೆರಳಿಗೆ ತಾಗುತ್ತದೆ. ಎರಡನೇ ಪಕ್ಕೆಲುಬು ಬಂದು ಸೇರುವುದು ಅಲ್ಲಿಯೇ. ಅಲ್ಲಿಂದ ಹಿಂದಕ್ಕೆ ಒಂದು ಗೆರೆ ಎಳೆದರೆ ಅದು ಬೆನ್ನಿನಲ್ಲಿ ಎದೆಭಾಗದ ನಾಲ್ಕನೇ ಮತ್ತು ಐದನೇ ಮಣಿಗಳ ನಡುವೆ ಮುಟ್ಟುತ್ತದೆ. ಹೆಚ್ಚುಕಮ್ಮಿ ಇದೇ ಗೆರೆಯ ಮಟ್ಟದಲ್ಲಿ ಶ್ವಾಸನಾಳ ಎರಡಾಗಿ ಕವಲೊಡೆಯುತ್ತದೆ. ಹೃದಯದಿಂದ ಹೊರಟ ಮಹಾಪಧಮನಿ ಕಮಾನಾಗಿ ಬಾಗಲು ಶುರುವಾಗುವುದೂ ಇಲ್ಲೇ, ಬಾಗಿ ಮುಗಿಯುವುದೂ ಇಲ್ಲೇ. ಮೂಳೆಯ ಮೇಲಿನ ಒಂದು ಏಣು ಒಳಗಿನ ಇಷ್ಟು ಸಂಗತಿ ಹೇಳುತ್ತದೆ. ಮೊದಲ ಸಲ ಇದನ್ನು ಕಲಿತ ದಿನ ನಾನು ಬಸ್ಸಿನಲ್ಲಿ ಮನೆಗೆ ಹೋಗುವ ದಾರಿಯುದ್ದಕ್ಕೂ ಆ ಏಣನ್ನು ಮುಟ್ಟಿ ಮುಟ್ಟಿ ನೋಡಿಕೊಂಡಿದ್ದೆ.

ಡಾಕ್ಟರುಗಳು ಈ ಗೆರೆಯನ್ನೇ ಇಟ್ಟುಕೊಂಡು ನಡುಮನೆಯನ್ನು ಭಾಗ ಮಾಡುತ್ತಾರೆ. ಗೆರೆಯ ಮೇಲಿನದು ಮೇಲ್ಭಾಗ. ಕೆಳಗಿನದರಲ್ಲಿ ಹೃದಯದ ಮುಂದೆ ಒಂದು, ಹೃದಯವೇ ಇರುವ ಮಧ್ಯದ್ದು ಒಂದು, ಹೃದಯದ ಹಿಂದೆ ಒಂದು. ಒಟ್ಟು ನಾಲ್ಕು. ಗೋಡೆ ಕಟ್ಟಿ ಮಾಡಿದ ಭಾಗಗಳಲ್ಲ, ಲೆಕ್ಕಕ್ಕೆ ಹಾಕಿಕೊಂಡ ಗೆರೆಗಳು. ಒಳಗಿನ ನಾಳಗಳು ಈ ಗೆರೆ ಕೇಳುವುದಿಲ್ಲ, ಒಂದರಿಂದ ಇನ್ನೊಂದಕ್ಕೆ ಸಲೀಸಾಗಿ ಹಾದು ಹೋಗುತ್ತವೆ.

ಮೇಲ್ಭಾಗದ ಇಕ್ಕಟ್ಟು ಅರ್ಥವಾಗಬೇಕಾದರೆ ಶಿರಾಡಿ ಘಾಟಿಯನ್ನು ನೆನಪಿಸಿಕೊಳ್ಳಿ. ಸಕಲೇಶಪುರ ದಾಟಿ ಇಳಿಯುವಾಗ ಒಂದು ಪಕ್ಕ ಗುಡ್ಡ, ಇನ್ನೊಂದು ಪಕ್ಕ ಕೆಂಪುಹೊಳೆ. ಅದೇ ಕಣಿವೆಯಲ್ಲಿ ರಾಷ್ಟ್ರೀಯ ಹೆದ್ದಾರಿ 75. ಮೇಲೆ ಗುಡ್ಡದಲ್ಲಿ 57 ಸುರಂಗಗಳ ರೈಲು ದಾರಿ. ಬೆಂಗಳೂರಿಗೂ ಮಂಗಳೂರಿಗೂ ಹೋಗಬೇಕಾದ್ದರಲ್ಲಿ ಹೆಚ್ಚಿನದು ಆ ಒಂದು ಕಣಿವೆಗೇ ನುಗ್ಗುತ್ತದೆ. 2018ರ ಆಗಸ್ಟ್‌ನಲ್ಲಿ ಗುಡ್ಡ ಜರಿದಾಗ ರಸ್ತೆಯೂ ಮುಚ್ಚಿತು, ರೈಲೂ ನಿಂತಿತು. ಎದೆಯ ಮೇಲ್ಭಾಗವೂ ಇಂಥದ್ದೇ ಕಣಿವೆ. ಮುಂದೆ ತಲೆ ಮತ್ತು ಕೈಗಳಿಂದ ಹೃದಯಕ್ಕೆ ರಕ್ತ ವಾಪಸ್ ತರುವ ದೊಡ್ಡ ಅಭಿಧಮನಿಗಳು. ಅವುಗಳ ಹಿಂದೆ ಮಹಾಪಧಮನಿಯ ಕಮಾನು. ಅದರ ನೆತ್ತಿಯಿಂದ ತಲೆಗೆ, ಕೈಗಳಿಗೆ ಹೊರಡುವ ಮೂರು ಕವಲು. ಹಿಂದೆ ಶ್ವಾಸನಾಳ. ಅದರ ಬೆನ್ನಿಗೆ ಅಂಟಿಕೊಂಡಂತೆ ಅನ್ನನಾಳ. ಇವುಗಳ ಸಂದಿನಲ್ಲಿ ನರಗಳು, ದುಗ್ಧಗ್ರಂಥಿಗಳು, ಅಂದರೆ ಸೋಂಕು ತಡೆಯುವ ಸಣ್ಣ ಗಂಟುಗಳು. ಖಾಲಿ ಜಾಗ ಅನ್ನುವುದು ಇಲ್ಲವೇ ಇಲ್ಲ. ಸಂದು ಸಿಕ್ಕ ಕಡೆಯೆಲ್ಲ ಕೊಬ್ಬು ಮತ್ತು ಸಡಿಲವಾದ ಎಳೆಗಳು ತುಂಬಿಕೊಂಡಿವೆ. ಆ ಸಡಿಲದಿಂದಲೇ ಹೃದಯ ಬಡಿಯುವಾಗ, ತುತ್ತು ಇಳಿಯುವಾಗ ಒಬ್ಬರಿಗೊಬ್ಬರು ಅಡ್ಡಿಯಾಗದೆ ಸರಿದುಕೊಳ್ಳುತ್ತಾರೆ.

ಇಲ್ಲಿ ಹೊಸದೊಂದು ಗಂಟು ಬೆಳೆದರೆ ಯಾರು ಮೊದಲು ಸೋಲುತ್ತಾರೆ? ಗೋಡೆ ತೆಳುವಾಗಿರುವವರು. ಶ್ವಾಸನಾಳಕ್ಕೆ ಮೃದ್ವಸ್ಥಿಯ, ಅಂದರೆ ಮೆತ್ತನೆ ಎಲುಬಿನ, 16ರಿಂದ 20 ಬಳೆಗಳ ಆಸರೆ ಇದೆ. ಅವು ಪೂರ್ತಿ ಬಳೆಗಳಲ್ಲ, ಹಿಂಬದಿ ತೆರೆದಿರುತ್ತವೆ. ಅಲ್ಲಿ ಅನ್ನನಾಳ ಇದೆ. ಮಹಾಪಧಮನಿಯ ಗೋಡೆ ದಪ್ಪ, ಒಳಗೆ ಒತ್ತಡ ಜಾಸ್ತಿ. ಆದರೆ ಮೇಲಿನಿಂದ ರಕ್ತ ತರುವ ಅಭಿಧಮನಿಯ ಗೋಡೆ ತೆಳು, ಒತ್ತಡ ಕಡಿಮೆ. ಹಾಗಾಗಿ ಅದು ಬೇಗ ಅದುಮಿಕೊಳ್ಳುತ್ತದೆ. ಆಗ ಮುಖ ಊದುತ್ತದೆ, ಬೆಳಿಗ್ಗೆ ಎದ್ದಾಗ ಜಾಸ್ತಿ. ಕತ್ತಿನ ರಕ್ತನಾಳಗಳು ಉಬ್ಬಿ ಕಾಣುತ್ತವೆ. ರೋಗ ಎದೆಯೊಳಗೆ, ಗುರುತು ಮುಖದ ಮೇಲೆ.

ಅಜ್ಜಿಯ ಮೊಮ್ಮಗ ಹೇಳಿದ್ದು ನನಗೆ ಇವತ್ತಿಗೂ ನೆನಪಿದೆ. "ಅಟ್ಟದ ಮೇಲಿಂದ ಡಬ್ಬ ಇಳಿಸೋಕೆ ಕೈ ಎತ್ತಿದ್ರೆ ಅಜ್ಜಿ ಮುಖ ಕೆಂಪಗಾಗುತ್ತೆ ಅಣ್ಣ. ಅಂಗಾತ ಮಲಗಿದ್ರೆ ಉಸಿರು ಕಟ್ಟುತ್ತೆ." ಅಜ್ಜಿಗೆ ಕತ್ತಿನಲ್ಲಿ ಗಳಗಂಡ ಇತ್ತು. ಮದುವೆಯಾಗಿ ಬಂದಾಗಿನಿಂದ ಇದೆ, ನೋವಿಲ್ಲ, ಈಗೀಗ ಸ್ವಲ್ಪ ಚಿಕ್ಕದಾಗಿದೆ ಅಂತಲೂ ಹೇಳಿದರು. ಮಲೆನಾಡಿನಲ್ಲಿ ಗಳಗಂಡ ಹಿಂದೆ ಅಪರೂಪವೇನೂ ಆಗಿರಲಿಲ್ಲ. ಜೋರು ಮಳೆ ಮಣ್ಣಿನ ಅಯೋಡಿನ್ ತೊಳೆದುಕೊಂಡು ಹೋಗುತ್ತದೆ. ಅಯೋಡಿನ್ ಸಾಲದಿದ್ದಾಗ ಥೈರಾಯ್ಡ್ ಗ್ರಂಥಿ ಇದ್ದುದರಲ್ಲೇ ಕೆಲಸ ತೂಗಿಸಲು ದೊಡ್ಡದಾಗುತ್ತದೆ. ದೇಶದಲ್ಲಿ ಗಳಗಂಡ ನಿಯಂತ್ರಣ ಕಾರ್ಯಕ್ರಮ ಶುರುವಾಗಿದ್ದು 1962ರಲ್ಲಿ. ಅಯೋಡಿನ್ ಉಪ್ಪು ಮನೆಮನೆಗೆ ಬಂದ ಮೇಲೆ ಮಕ್ಕಳಲ್ಲಿ ಕಾಣುವುದು ಕಡಿಮೆಯಾಯಿತು. ಹಿಂದೆಯೇ ಬಂದಿದ್ದು ಹಿರಿಯರಲ್ಲಿ ಉಳಿದುಕೊಂಡಿತು.

ಈ ಗಡ್ಡೆ ಕೆಲವರಲ್ಲಿ ಹೊರಕ್ಕೆ ಬೆಳೆಯುವ ಬದಲು ಒಳಕ್ಕೆ ಇಳಿಯುತ್ತದೆ. ನಡುಮನೆಗೆ ಸೂರಿಲ್ಲ ಎಂದೆನಲ್ಲ, ಆ ದಾರಿಯಲ್ಲೇ. ಹೊರಗಿನಿಂದ ನೋಡಿದವರಿಗೆ ಗಂಟು ಚಿಕ್ಕದಾದಂತೆ ಕಾಣುತ್ತದೆ. ನಿಜವಾಗಿ ಅದು ಎದೆಮೂಳೆಯ ಹಿಂದೆ ಸೇರಿಕೊಂಡಿರುತ್ತದೆ. ಎರಡೂ ಕೈ ಎತ್ತಿದಾಗ ಕತ್ತಿನ ಬುಡದ ಬಾಗಿಲು ಇನ್ನಷ್ಟು ಕಿರಿದಾಗಿ, ಗಡ್ಡೆ ಅದಕ್ಕೆ ಬಿರಡೆಯಂತೆ ಕೂರುತ್ತದೆ. ತಲೆಯಿಂದ ಇಳಿಯಬೇಕಾದ ರಕ್ತ ನಿಲ್ಲುತ್ತದೆ, ಮುಖ ಕೆಂಪಗಾಗುತ್ತದೆ. 1946ರಲ್ಲಿ ಪೆಂಬರ್ಟನ್ ಎಂಬ ಬ್ರಿಟಿಷ್ ವೈದ್ಯರು ಇದನ್ನು ಬರೆದಿಟ್ಟರು. ಕೈ ಎತ್ತಿಸಿ ನೋಡುವ ಈ ಪರೀಕ್ಷೆಗೆ ಇವತ್ತಿಗೂ ಅವರದೇ ಹೆಸರು. ಅಟ್ಟದ ಡಬ್ಬ ಆ ಪರೀಕ್ಷೆಯನ್ನು ಅಜ್ಜಿಯ ಮನೆಯಲ್ಲೇ ಮಾಡಿಬಿಟ್ಟಿತ್ತು.

ಅಜ್ಜಿಯ ಫಿಲ್ಮ್‌ನಲ್ಲಿ ಶ್ವಾಸನಾಳದ ಕಪ್ಪು ಪಟ್ಟಿ ನೆಟ್ಟಗಿರಲಿಲ್ಲ. ಬಲಕ್ಕೆ ಬಿಲ್ಲಿನಂತೆ ಬಾಗಿತ್ತು. ಮಹಾಪಧಮನಿಯ ಕಮಾನು ಎಡಪಕ್ಕದಲ್ಲಿ ಇರುವುದರಿಂದ ಎಲ್ಲರಲ್ಲೂ ಶ್ವಾಸನಾಳ ಕೆಳತುದಿಯಲ್ಲಿ ಚೂರು ಬಲಕ್ಕೆ ಸರಿದಿರುತ್ತದೆ. ಇದು ಹಾಗಿರಲಿಲ್ಲ. ನಾನು ಏನೂ ಹೇಳಲಿಲ್ಲ, ಫಿಲ್ಮ್ ಡಾಕ್ಟರ ಹತ್ತಿರ ಈಗಲೇ ತೋರಿಸಿ ಎಂದು ಮೊಮ್ಮಗನನ್ನು ಕಳಿಸಿದೆ.

ಈ ನಡುಮನೆ ಗಟ್ಟಿ ಗೋಡೆಯದ್ದಲ್ಲ, ಅಕ್ಕಪಕ್ಕಕ್ಕೆ ಸರಿಯುತ್ತದೆ. ಒಂದು ಶ್ವಾಸಕೋಶದ ಹೊರಗೆ ಗಾಳಿಯೋ ನೀರೋ ತುಂಬಿ ಒತ್ತಡ ಹೆಚ್ಚಾದರೆ ಹೃದಯ ಸಮೇತ ಎಲ್ಲವೂ ಇನ್ನೊಂದು ಕಡೆಗೆ ತಳ್ಳಿಕೊಂಡು ಹೋಗುತ್ತದೆ. ಒಂದು ಶ್ವಾಸಕೋಶ ಕುಗ್ಗಿದರೆ ತಾನಿರುವ ಕಡೆಗೇ ಎಳೆದುಕೊಳ್ಳುತ್ತದೆ. ಡಾಕ್ಟರು ಕತ್ತಿನ ಗುಳಿಯಲ್ಲಿ ಬೆರಳಿಟ್ಟು ಒಂದು ಕ್ಷಣ ಸುಮ್ಮನಾಗುತ್ತಾರಲ್ಲ, ಶ್ವಾಸನಾಳ ನಡುವೆಯೇ ಇದೆಯಾ ಎಂದು ನೋಡುತ್ತಿರುತ್ತಾರೆ.

ಕಾಫಿ ತೋಟದ ಲೈನ್ ಮನೆಯಿಂದ ಒಂದು ಎರಡು ವರ್ಷದ ಮಗುವನ್ನು ಒಮ್ಮೆ ಕರೆತಂದಿದ್ದರು. ಕಡ್ಲೆಕಾಯಿ ಬೀಜ ತಿನ್ನುವಾಗ ಕೆಮ್ಮಿದ್ದು, ಆಮೇಲೆ ಕೆಮ್ಮು ನಿಂತೇ ಇಲ್ಲ. ಕಡ್ಲೆಬೀಜ ಎಕ್ಸ್-ರೇಯಲ್ಲಿ ಕಾಣುವುದಿಲ್ಲ. ಹಾಗಾಗಿ ಉಸಿರು ಎಳೆದಾಗ ಒಂದು, ಬಿಟ್ಟಾಗ ಒಂದು ಫಿಲ್ಮ್ ತೆಗೆಯಲು ಡಾಕ್ಟರು ಹೇಳಿದರು. ಅಳುವ ಮಗುವಿನ ಉಸಿರು ಹಿಡಿಯುವುದು ಸುಲಭವಲ್ಲ. ಅಮ್ಮ ಕೈ ಹಿಡಿದು ನಿಂತಿದ್ದರು, ನಾನು ಹೊಟ್ಟೆಯ ಏರಿಳಿತ ನೋಡುತ್ತಾ ಕಾದು ಬಟನ್ ಒತ್ತಿದೆ. ಎಳೆದಾಗಿನ ಫಿಲ್ಮ್‌ನಲ್ಲಿ ಹೃದಯ ಜಾಗದಲ್ಲೇ ಇತ್ತು. ಬಿಟ್ಟಾಗಿನದರಲ್ಲಿ ಎಡಕ್ಕೆ ಸರಿದಿತ್ತು. ಬಲ ಕವಲಿನಲ್ಲಿ ಬೀಜ ಸಿಕ್ಕಿಕೊಂಡು, ಒಳಗೆ ಹೋದ ಗಾಳಿ ಹೊರಗೆ ಬರಲಾಗದೆ ಬಲ ಶ್ವಾಸಕೋಶ ಉಬ್ಬಿಕೊಂಡು ನಡುಮನೆಯನ್ನು ತಳ್ಳುತ್ತಿತ್ತು. ಬಲಕ್ಕೇ ಯಾಕೆ? ಶ್ವಾಸನಾಳದ ಬಲ ಕವಲು ಎಡಕ್ಕಿಂತ ಅಗಲ, ಗಿಡ್ಡ, ಹೆಚ್ಚು ನೇರ. ಹೃದಯ ಎಡಕ್ಕೆ ಜಾಸ್ತಿ ಜಾಗ ಹಿಡಿದಿರುವುದರಿಂದ ಎಡ ಕವಲು ಅಡ್ಡ ಬಾಗಿ ಹೋಗಬೇಕು. ಬೀಳುವ ವಸ್ತು ನೇರ ದಾರಿ ಹಿಡಿಯುತ್ತದೆ. ಆ ಮಗುವಿಗೆ ಅವತ್ತೇ ರಾತ್ರಿ ದುರ್ಬೀನು ಹಾಕಿ ಬೀಜ ತೆಗೆದರು.

ಮಕ್ಕಳ ಫಿಲ್ಮ್‌ನಲ್ಲಿ ಇನ್ನೊಂದು ನೆರಳು ತಂದೆತಾಯಿಯನ್ನು ಹೆದರಿಸುತ್ತದೆ. ಎದೆಮೂಳೆಯ ಹಿಂದೆ, ಹೃದಯದ ಮೇಲೆ, ಹಾಯಿಪಟದ ಹಾಗೆ ಚಾಚಿಕೊಂಡ ಬಿಳಿ. ಅದು ಥೈಮಸ್ ಗ್ರಂಥಿ. ದೇಹದ ಕಾವಲು ಕಣಗಳಲ್ಲಿ ಒಂದು ಬಗೆ ಪಳಗುವುದು ಇಲ್ಲೇ. ಕೂಸುಗಳಲ್ಲಿ ದೊಡ್ಡದಾಗಿದ್ದು, ಪ್ರಾಯಕ್ಕೆ ಬಂದ ಮೇಲೆ ಕುಗ್ಗುತ್ತಾ ಕೊಬ್ಬಾಗಿಬಿಡುತ್ತದೆ. ದೊಡ್ಡವರಲ್ಲಿ ಹೃದಯದ ಮುಂದಿನ ಭಾಗದಲ್ಲಿ ಅದರ ಪಳೆಯುಳಿಕೆ, ಕೊಬ್ಬು, ಒಂದಿಷ್ಟು ದುಗ್ಧಗ್ರಂಥಿ ಬಿಟ್ಟರೆ ಹೇಳುವಂಥದ್ದು ಇಲ್ಲ.

ಮಧ್ಯದಲ್ಲಿ ಹೃದಯ. ತೂಕ 250ರಿಂದ 350 ಗ್ರಾಂ, ಅವರವರ ಮುಷ್ಟಿಯಷ್ಟು. ಹೃದಯ ಎಡಗಡೆ ಇದೆ ಎನ್ನುವುದು ಪೂರ್ತಿ ಸರಿಯಲ್ಲ. ಅದು ನಡುವಿನಲ್ಲೇ ಇದೆ, ಮೂರರಲ್ಲಿ ಎರಡು ಪಾಲು ಎಡಕ್ಕೆ ವಾಲಿದೆ ಅಷ್ಟೇ. ಅದಕ್ಕೊಂದು ಎರಡು ಪದರದ ಚೀಲ. ಪದರಗಳ ನಡುವೆ 15ರಿಂದ 50 ಮಿ.ಲೀ. ದ್ರವ, ಸಣ್ಣ ಕಾಫಿ ಲೋಟದ ತಳ ಮುಚ್ಚುವಷ್ಟು. ದಿನಕ್ಕೆ ಸುಮಾರು ಲಕ್ಷ ಸಲ ಬಡಿಯುವ ಹೃದಯಕ್ಕೆ ಉಜ್ಜಾಟ ಆಗದಿರಲಿ ಎಂದು. ಚೀಲದ ಹೊರ ಪದರ ಗಟ್ಟಿ, ಥಟ್ಟನೆ ಹಿಗ್ಗುವುದಿಲ್ಲ. ತಿಂಗಳುಗಟ್ಟಲೆ ನಿಧಾನವಾಗಿ ದ್ರವ ಸೇರಿದರೆ ಲೀಟರ್‌ವರೆಗೂ ತಡೆದುಕೊಳ್ಳಬಹುದು. ಏಟು ಬಿದ್ದು ರಕ್ತ ನಿಮಿಷಗಳಲ್ಲಿ ಸೇರಿದರೆ 200 ಮಿ.ಲೀ. ಕೂಡ ಹೃದಯವನ್ನು ಹಿಗ್ಗಲು ಬಿಡದೆ ಜೀವಕ್ಕೆ ಮುಳುವಾಗುತ್ತದೆ. ಎಷ್ಟು ಸೇರಿತು ಎನ್ನುವುದಕ್ಕಿಂತ ಎಷ್ಟು ಬೇಗ ಸೇರಿತು ಎನ್ನುವುದೇ ಇಲ್ಲಿ ದೊಡ್ಡದು.

ಹೃದಯದ ಹಿಂಬದಿ ಎಡ ಮೇಲ್ಕೋಣೆಯದ್ದು. ಅದರ ಬೆನ್ನಿಗೇ ಅನ್ನನಾಳ ಇಳಿಯುತ್ತದೆ. ಗಂಟಲುನೋವಿನ ಜ್ವರ ಕೆಲವು ಮಕ್ಕಳಲ್ಲಿ ಹೃದಯದ ಕವಾಟಕ್ಕೆ ತಾಗಿ, ವರ್ಷಗಳ ಮೇಲೆ ಆ ಕೋಣೆ ಊದಿಕೊಂಡರೆ, ಅನ್ನ ನುಂಗುವಾಗ ಸಿಕ್ಕಿಕೊಂಡಂತೆ ಆಗಬಹುದು. ಅದೇ ನೆರೆಹೊರೆಯನ್ನು ಡಾಕ್ಟರುಗಳು ಉಪಯೋಗಕ್ಕೂ ತಂದಿದ್ದಾರೆ. ಬಾಯಿಂದ ಅನ್ನನಾಳಕ್ಕೆ ಸಣ್ಣ ಎಕೋ ಉಪಕರಣ ಇಳಿಸಿ ಹೃದಯವನ್ನು ಹಿಂದಿನಿಂದ ನೋಡುತ್ತಾರೆ. ಪಕ್ಕೆಲುಬು, ಶ್ವಾಸಕೋಶ ಅಡ್ಡ ಬರುವುದಿಲ್ಲ, ಚಿತ್ರ ಸ್ಪಷ್ಟ.

ಹಿಂದಿನ ಭಾಗದಲ್ಲಿ ಅನ್ನನಾಳದ ಜೊತೆ ಕೆಳಗಿಳಿಯುವ ಮಹಾಪಧಮನಿ ಇದೆ. ಅನ್ನನಾಳದ ಹಿಂದೆ, ಮಹಾಪಧಮನಿಯ ಪಕ್ಕ, ಬೆನ್ನುಮೂಳೆಗೆ ಅಂಟಿದಂತೆ, ಎಕ್ಸ್-ರೇಯಲ್ಲಿ ಎಂದೂ ಕಾಣದ ಒಂದು ತೆಳು ನಾಳ ಹೊಟ್ಟೆಯಿಂದ ಮೇಲಕ್ಕೆ ಬರುತ್ತದೆ. ನನಗೆ ಇದರ ಮೇಲೆ ವಿಶೇಷ ಪ್ರೀತಿ. ಅಕ್ಕಿರೊಟ್ಟಿಯ ಮೇಲೆ ಬೆಣ್ಣೆ ಹಾಕಿಕೊಂಡು ತಿಂದರೆ, ಆ ಬೆಣ್ಣೆ ಸಕ್ಕರೆಯಂತೆ ನೇರ ರಕ್ತಕ್ಕೆ ಸೇರುವುದಿಲ್ಲ. ಕರುಳಿನಿಂದ ಹಾಲಿನಂಥ ದ್ರವವಾಗಿ ಈ ನಾಳ ಸೇರಿ, ವಪೆ ದಾಟಿ, ಎದೆಯ ಹಿಂಬದಿಯಲ್ಲಿ ಬಲಗಡೆ ಏರಿ, ಅರ್ಧ ದಾರಿಯಲ್ಲಿ ಎಡಕ್ಕೆ ದಾಟಿ, ಎಡಗತ್ತಿನ ಬುಡದಲ್ಲಿ ರಕ್ತಕ್ಕೆ ಬೀಳುತ್ತದೆ. ನಾಳದ ಉದ್ದ ಸುಮಾರು 40 ಸೆಂಟಿಮೀಟರ್, ದಪ್ಪ ಕೆಲವೇ ಮಿಲಿಮೀಟರ್. ಎದೆಯ ಆಪರೇಷನ್‌ನಲ್ಲಿ ಇದಕ್ಕೆ ಗಾಯವಾದರೆ ಪಕ್ಕದ ಶ್ವಾಸಕೋಶದ ಸುತ್ತ ಹಾಲಿನ ಬಣ್ಣದ ನೀರು ತುಂಬುತ್ತದೆ.

ಇನ್ನು ಇಲ್ಲಿನ ಒಂದು ನರದ ಮಾತು. ಸಕಲೇಶಪುರ ಕಡೆಯ ಲಾರಿ ಡ್ರೈವರ್ ಒಬ್ಬರು ಚೀಟಿ ಹಿಡಿದು ಬಂದು ಪಿಸುಗುಟ್ಟಿದ ಹಾಗೆ ಮಾತಾಡಿದರು. ಎರಡು ತಿಂಗಳಿಂದ ಧ್ವನಿ ಒಡೆದಿದೆ. "ಗಂಟಲು ಡಾಕ್ಟರ ಹತ್ರ ಹೋದ್ರೆ ಎದೆ ಎಕ್ಸ್-ರೇ ಬರ್ದಿದಾರೆ ಸಾರ್. ತಪ್ಪಿ ಬರ್ದಿರಬೇಕು, ಅಲ್ವಾ?" ತಪ್ಪಿ ಬರೆದಿರಲಿಲ್ಲ. ಧ್ವನಿಪೆಟ್ಟಿಗೆಯ ಎಡಪಕ್ಕ ಆಡಿಸುವ ನರ ತಲೆಯಿಂದ ನೇರವಾಗಿ ಗಂಟಲಿಗೆ ಬರುವುದಿಲ್ಲ. ತಾಯಿನರದ ಜೊತೆ ಗಂಟಲು ದಾಟಿ ಎದೆಗಿಳಿಯುತ್ತದೆ. ಮಹಾಪಧಮನಿಯ ಕಮಾನಿನ ಕೆಳಗೆ ಕೊಕ್ಕೆಯಂತೆ ಸುತ್ತಿ, ಶ್ವಾಸನಾಳ ಅನ್ನನಾಳಗಳ ಸಂದಿನಲ್ಲಿ ಮತ್ತೆ ಮೇಲೇರಿ ಧ್ವನಿಪೆಟ್ಟಿಗೆ ಸೇರುತ್ತದೆ. ಪಕ್ಕದ ಮನೆಗೆ ಹೋಗಲು ಪೇಟೆ ಸುತ್ತಿ ಬಂದ ಹಾಗೆ. ಕಾರಣ ಗರ್ಭದಲ್ಲಿದೆ. ಮೊದಲ ವಾರಗಳಲ್ಲಿ ಹೃದಯ ರೂಪುಗೊಳ್ಳುವುದು ಕತ್ತಿನ ಹತ್ತಿರ. ಆಗ ನರ ಹತ್ತಿರದ ದಾರಿಯಲ್ಲೇ, ರಕ್ತನಾಳದ ಕೆಳಗಿನಿಂದ ಹೋಗಿರುತ್ತದೆ. ಆಮೇಲೆ ಕತ್ತು ಉದ್ದವಾಗಿ ಹೃದಯ ಎದೆಗಿಳಿಯುವಾಗ, ರಕ್ತನಾಳಕ್ಕೆ ಸಿಕ್ಕಿಕೊಂಡ ನರವೂ ಎಳೆದುಕೊಂಡು ಬರುತ್ತದೆ. ಜಿರಾಫೆಯಲ್ಲಿ ಈ ಸುತ್ತು ಹಲವು ಮೀಟರ್ ಉದ್ದ. ಬಲಗಡೆಯ ನರ ಕತ್ತಿನ ಬುಡದಲ್ಲೇ ತಿರುಗಿಬಿಡುತ್ತದೆ. ಎಡದ್ದು ಮಾತ್ರ ಎದೆಯೊಳಗೆ ಇಳಿಯುವುದರಿಂದ, ಅಲ್ಲಿನ ಯಾವ ತೊಂದರೆಯಾದರೂ ಅದಕ್ಕೆ ತಟ್ಟಬಹುದು. ಕಮಾನು ಉಬ್ಬಿದರೆ, ಕ್ಷಯದಿಂದ ದುಗ್ಧಗ್ರಂಥಿ ಊದಿದರೆ, ಶ್ವಾಸಕೋಶದ ಗಡ್ಡೆ ಒಳಕ್ಕೆ ಬೆಳೆದರೆ ಧ್ವನಿ ಒಡೆಯಬಹುದು. ಹಾಗಾಗಿಯೇ ಮೂರು ವಾರ ದಾಟಿದ ಗೊಗ್ಗರು ಧ್ವನಿಯನ್ನು, ಅದರಲ್ಲೂ ಬೀಡಿ ಸಿಗರೇಟು ಸೇದುವವರಲ್ಲಿ, ಕಷಾಯ ಕುಡಿದು ಕಾಯುತ್ತಾ ಕೂರಬಾರದು.

ವಪೆಯ ನರವೂ ಹೀಗೆ ದೂರದಿಂದ ಬರುವಂಥದ್ದು. ಕತ್ತಿನಲ್ಲಿ ಹುಟ್ಟಿ ಹೃದಯದ ಚೀಲದ ಪಕ್ಕದಲ್ಲೇ ಇಳಿಯುತ್ತದೆ. ವಪೆಗೆ ತೊಂದರೆಯಾದರೆ ಹೆಗಲು ನೋಯುವುದು ಇದರಿಂದಲೇ, ಹೆಗಲಿನ ಚರ್ಮದ ನರಗಳೂ ಕತ್ತಿನ ಅದೇ ಜಾಗದಿಂದ ಹೊರಡುತ್ತವೆ.

ಅಜ್ಜಿಗೆ ಸಿ.ಟಿ. ಸ್ಕ್ಯಾನ್ ಆಯಿತು. ಗಡ್ಡೆ ಎದೆಮೂಳೆಯ ಹಿಂದೆ ಮಹಾಪಧಮನಿಯ ಕಮಾನಿನ ಹತ್ತಿರದವರೆಗೂ ಇಳಿದಿತ್ತು. ಎದೆ ಕೊಯ್ಯುತ್ತಾರೆ ಎಂದು ಮನೆಯವರೆಲ್ಲ ಹೆದರಿದ್ದರು. ಇಂಥ ಗಡ್ಡೆಗಳಲ್ಲಿ ಹೆಚ್ಚಿನವು ಕತ್ತಿನಿಂದ ಇಳಿದವು, ರಕ್ತನಾಳಗಳನ್ನೂ ಕತ್ತಿನಿಂದಲೇ ತಂದಿರುತ್ತವೆ. ಹಾಗಾಗಿ ಕತ್ತಿನಿಂದಲೇ ಮೇಲಕ್ಕೆ ತೆಗೆಯಬಹುದು. ಅಜ್ಜಿಗೂ ಹಾಗೇ ತೆಗೆದರು.

ದೀಪಾವಳಿ ಕಳೆದ ಮೇಲೆ ಅವರು ಮತ್ತೆ ಎಕ್ಸ್-ರೇಗೆ ಬಂದರು. ಕತ್ತಿನಲ್ಲಿ ಮಡಿಕೆಯ ಗುಂಟ ಒಂದು ತೆಳು ಗೆರೆ. ಸರ ತೆಗೆದು ಮೊಮ್ಮಗನ ಕೈಗೆ ಕೊಟ್ಟು, ನಾನು ಹೇಳುವ ಮೊದಲೇ ಎದೆಯನ್ನು ಪ್ಲೇಟಿಗೆ ಒತ್ತಿ ನಿಂತರು, ಉಸಿರು ಎಳೆದುಕೊಂಡರು. ಫಿಲ್ಮ್ ಬಂದ ಕೂಡಲೇ ಕಿಟಕಿಗೆ ಹೋದರು. ಈ ಸಲ ಬೆರಳು ಬಿಳಿಯ ಮೇಲೆ ಹೋಗಲಿಲ್ಲ. ಕಪ್ಪು ಪಟ್ಟಿಯ ಮೇಲಿಟ್ಟು, ಕತ್ತಿನಿಂದ ಕವಲಿನವರೆಗೆ ನಿಧಾನವಾಗಿ ಎಳೆದರು.

"ಈಗ ದಾರಿ ನೆಟ್ಟಗೈತೆ, ಅಲ್ವೇನಪ್ಪ?"

"ನೆಟ್ಟಗಿದೆ ಅಜ್ಜಿ" ಅಂದೆ.